ಜಾನ್ ಲೆ ಮೆಷರರ್: ಪದೇ ಪದೇ ಕೇಳುವ ಪ್ರಶ್ನೆಗಳು

ಹಳೆಯ ಬ್ರಿಟಿಷ್ ಸಿನಿಮಾ, ಟೀವಿ ಬಗ್ಗೆ ಮಾತು ಬಂದಾಗ ನಾನು ಈ ನಟನ ಹೆಸರು ಎತ್ತದೆ ಇರುವುದಿಲ್ಲ. ಎತ್ತಿದ ಮೇಲೆ ಪ್ರಶ್ನೆಗಳು ಬರುತ್ತವೆ. ಮಾತಿನಲ್ಲೂ ಪತ್ರಗಳಲ್ಲೂ ಮತ್ತೆ ಮತ್ತೆ ಬಂದ ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲೇ ಇಲ್ಲಿ ಇಟ್ಟಿದ್ದೇನೆ. ಮೊದಲಿನವು ಏನೂ ಗೊತ್ತಿಲ್ಲದವರಿಗೆ, ಕೊನೆಯವು ಆಗಲೇ ಒಂದಷ್ಟು ನೋಡಿದವರಿಗೆ. ನಿಮಗೆ ಬೇಕಾದ ಪ್ರಶ್ನೆಗೆ ನೇರವಾಗಿ ಹೋಗಬಹುದು.

## ಮೊದಲ ಪರಿಚಯ

ಯಾರು ಇವರು? ಹೆಸರೇ ಕೇಳಿಲ್ಲವಲ್ಲ!

ಜಾನ್ ಲೆ ಮೆಷರರ್ ಇಂಗ್ಲೆಂಡಿನ ಪೋಷಕ ನಟ. 1912ರ ಏಪ್ರಿಲ್ 5ರಂದು ಬೆಡ್‌ಫರ್ಡ್ ಊರಿನಲ್ಲಿ ಹುಟ್ಟಿದರು, 1983ರ ನವೆಂಬರ್ 15ರಂದು ತೀರಿಕೊಂಡರು. 120ಕ್ಕೂ ಹೆಚ್ಚು ಸಿನಿಮಾಗಳಲ್ಲಿ ನಟಿಸಿದ್ದಾರೆ. ಅದರಲ್ಲಿ ಬಹುಪಾಲು ಕೆಲವೇ ನಿಮಿಷದ ಪಾತ್ರಗಳು. 56ನೇ ವಯಸ್ಸಿಗೆ ಬಿಬಿಸಿಯ 'ಡ್ಯಾಡ್ಸ್ ಆರ್ಮಿ' ಎಂಬ ಹಾಸ್ಯ ಧಾರಾವಾಹಿಯಲ್ಲಿ ಸಾರ್ಜೆಂಟ್ ವಿಲ್ಸನ್ ಆದರು. ಅಲ್ಲಿಂದ ಮುಂದೆ ಇಡೀ ಬ್ರಿಟನ್‌ಗೆ ಮನೆಮಾತಾದರು.

ಹುಟ್ಟು ಹೆಸರಿನ ಕೊನೆಯಲ್ಲಿ ಹ್ಯಾಲಿಲಿ ಅಂತ ಅಪ್ಪನ ಮನೆತನದ ಹೆಸರಿತ್ತು. ರಂಗಕ್ಕೆ ಬಂದ ಮೇಲೆ ಅಮ್ಮನ ಕಡೆಯ ಹೆಸರನ್ನು ಇಟ್ಟುಕೊಂಡರು.

ಮುಖ ಎಲ್ಲೋ ನೋಡಿದ ಹಾಗಿದೆ. ಯಾವ ಸಿನಿಮಾ ಇರಬಹುದು?

ನಮ್ಮ ಕಡೆಯವರು ಇವರನ್ನು ನೋಡಿದ್ದರೆ ಬಹುಶಃ ಎರಡು ಕಡೆ. ಒಂದು, 1969ರ 'ದಿ ಇಟಾಲಿಯನ್ ಜಾಬ್'. ಮೈಕಲ್ ಕೇನ್ ಇದ್ದ ಹಳೆಯದು, ಆಮೇಲೆ ಬಂದ ಅಮೆರಿಕದ್ದಲ್ಲ. ಅದರಲ್ಲಿ ಜೈಲಿನ ಮುಖ್ಯಾಧಿಕಾರಿ ಇವರೇ. ಇನ್ನೊಂದು, 1963ರ 'ದಿ ಪಿಂಕ್ ಪ್ಯಾಂಥರ್'. ಕೊನೆಗೆ ಬರುವ ಕೋರ್ಟಿನ ದೃಶ್ಯದಲ್ಲಿ ಕಾಣುವ ವಕೀಲರು ಇವರು.

ಉದ್ದ ಮುಖ, ಇಳಿಬಿದ್ದ ಕಣ್ಣುರೆಪ್ಪೆ, ಈಗತಾನೇ ಯಾರೋ ಬೇಸರದ ಸುದ್ದಿ ಹೇಳಿ ಹೋದ ಹಾಗಿರುವ ಹಣೆ. ಒಮ್ಮೆ ಗುರುತು ಹಿಡಿದರೆ ಆ ಕಾಲದ ಬ್ರಿಟಿಷ್ ಸಿನಿಮಾ ಯಾವುದೇ ಹಾಕಿದರೂ ಎಲ್ಲೋ ಒಂದು ಕಡೆ ಸಿಕ್ಕೇ ಸಿಗುತ್ತಾರೆ ಅನ್ನಿಸುತ್ತದೆ.

ಓದಿದ್ದು ಕಾನೂನಂತೆ? ನಾಟಕಕ್ಕೆ ಹೇಗೆ ಬಂದರು?

ಅಪ್ಪ ವಕೀಲರು. ಮಗನೂ ಅದೇ ದಾರಿ ಹಿಡಿಯಲಿ ಅನ್ನುವುದು ಮನೆಯವರ ಆಸೆ. ಬೆಳೆದದ್ದು ಸಫೋಕ್ ಜಿಲ್ಲೆಯ ಬರಿ ಸೇಂಟ್ ಎಡ್ಮಂಡ್ಸ್ ಊರಿನಲ್ಲಿ. ಓದಿದ್ದು ಡಾರ್ಸೆಟ್‌ನ ಶೆರ್ಬೋರ್ನ್ ಎಂಬ ದೊಡ್ಡ ಮನೆತನದವರ ಬೋರ್ಡಿಂಗ್ ಶಾಲೆಯಲ್ಲಿ. ಆಮೇಲೆ ಊರಿನದೇ ವಕೀಲರ ಕಚೇರಿಯಲ್ಲಿ ಕೆಲಸ ಕಲಿಯಲು ಸೇರಿದರು. ಮನಸ್ಸು ನಿಲ್ಲಲಿಲ್ಲ. 1933ರಲ್ಲಿ ಅದನ್ನು ಬಿಟ್ಟು ಲಂಡನ್ನಿಗೆ ಹೋಗಿ ಫೇ ಕಾಂಪ್ಟನ್ ಎಂಬ ನಟಿ ನಡೆಸುತ್ತಿದ್ದ ನಾಟಕ ಶಾಲೆ ಸೇರಿದರು. ಮುಂದೆ ದೊಡ್ಡ ನಟರಾದ ಅಲೆಕ್ ಗಿನ್ನೆಸ್ ಕೂಡ ಆಗ ಅಲ್ಲೇ ಕಲಿಯುತ್ತಿದ್ದರು.

ಕಾನೂನು ಬಿಟ್ಟ ಈ ಹುಡುಗ ಆಮೇಲೆ ತೆರೆಯ ಮೇಲೆ ಎಷ್ಟೊಂದು ವಕೀಲರ, ಅಧಿಕಾರಿಗಳ ಪಾತ್ರ ಮಾಡಿದ ಅಂತ ನೆನೆದರೆ ನನಗೆ ಖುಷಿಯಾಗುತ್ತದೆ. ಆ ಕಚೇರಿಯಲ್ಲಿ ಕೂತು ನೋಡಿದ್ದೇನೂ ದಂಡವಾಗಲಿಲ್ಲ.

ರೆಪರ್ಟರಿ ಅಂತ ಬರೀತೀರಲ್ಲ, ಅದೇನು?

ಊರೂರಿನಲ್ಲಿ ಒಂದೊಂದು ಥಿಯೇಟರ್, ಅದಕ್ಕೆ ಅದರದೇ ನಟರ ತಂಡ. ಈ ತಂಡ ಬಹಳ ಕಡೆ ವಾರಕ್ಕೊಂದು ಹೊಸ ನಾಟಕ ಕಟ್ಟುತ್ತಿತ್ತು. ಹೌದು, ವಾರಕ್ಕೊಂದು! ಸಂಜೆ ಈ ವಾರದ ನಾಟಕ ಆಡಬೇಕು, ಹಗಲು ಮುಂದಿನ ವಾರದ್ದರ ತಾಲೀಮು, ರಾತ್ರಿ ಮನೆಗೆ ಹೋಗಿ ಹೊಸ ಮಾತು ಬಾಯಿಪಾಠ. ಬಟ್ಟೆಯೂ ಹಲವು ಸಲ ನಟರದ್ದೇ. ಗಂಡಸರ ಹತ್ತಿರ ಒಂದು ಒಳ್ಳೆಯ ಸೂಟು, ರಾತ್ರಿ ಊಟದ ದೃಶ್ಯಕ್ಕೆ ಇನ್ನೊಂದು ಕಪ್ಪು ಸೂಟು ಇರಲೇಬೇಕಿತ್ತು.

ಲೆ ಮೆಷರರ್ ಅವರಿಗೆ ಮೊದಲ ಕೆಲಸ ಸಿಕ್ಕಿದ್ದು 1934ರಲ್ಲಿ, ಎಡಿನ್‌ಬರೋದ ಇಂಥ ಒಂದು ತಂಡದಲ್ಲಿ. ವಾರಕ್ಕೆ ಮೂರೂವರೆ ಪೌಂಡ್ ಸಂಬಳ. ಯುದ್ಧದವರೆಗೂ ಹೀಗೆ ಊರಿಂದೂರಿಗೆ ತಿರುಗಿದರು. ಇವತ್ತು ಪೂಜಾರಿ, ನಾಳೆ ಪೊಲೀಸು, ಆಚೆ ವಾರ ಯಾರದೋ ಗಂಡ. ಸಿನಿಮಾದಲ್ಲಿ ಸ್ಕ್ರಿಪ್ಟ್ ಕೈಗೆ ಕೊಟ್ಟ ದಿನವೇ ಪಾತ್ರವನ್ನು ಪೂರ್ತಿ ಕಟ್ಟಿ ನಿಲ್ಲಿಸುವ ಆ ತಲೆಮಾರಿನ ನಟರ ಶಕ್ತಿ ಎಲ್ಲಿಂದ ಬಂತು ಅಂತ ಕೇಳಿದರೆ, ಇಲ್ಲಿಂದ.

ಯುದ್ಧದ ಸಮಯದಲ್ಲಿ ಇಂಡಿಯಾದಲ್ಲಿ ಇದ್ದರಂತೆ, ನಿಜಾನಾ?

ನಿಜ. 1940ರ ಸೆಪ್ಟೆಂಬರ್‌ನಲ್ಲಿ ಲಂಡನ್ ಮೇಲೆ ಜರ್ಮನ್ ಬಾಂಬು ಬೀಳುವಾಗ ಇವರ ಬಾಡಿಗೆ ಮನೆಯೂ ಹೋಯಿತು, ಸೈನ್ಯದಿಂದ ಬಂದಿದ್ದ ಕರೆ ಪತ್ರವೂ ಅದರೊಳಗೇ ಹೋಯಿತು. ಆದರೂ ಹೋಗಿ ಸೇರಿಕೊಂಡರು. ಟ್ಯಾಂಕ್ ರೆಜಿಮೆಂಟಿನಲ್ಲಿ ಅಧಿಕಾರಿಯಾದರು. 1943ರಲ್ಲಿ ಭಾರತಕ್ಕೆ ಕಳಿಸಿದರು. ಯುದ್ಧ ಮುಗಿಯುವವರೆಗೂ ಇಲ್ಲೇ ಇದ್ದು, ಕ್ಯಾಪ್ಟನ್ ಆಗಿ 1946ರಲ್ಲಿ ಸೈನ್ಯ ಬಿಟ್ಟರು. ತನ್ನ ಪಾಲಿಗೆ ಅದು ಆರಾಮದ ಯುದ್ಧವೇ ಆಗಿತ್ತು ಅಂತ ಆಮೇಲೆ ಮುಚ್ಚುಮರೆಯಿಲ್ಲದೆ ಹೇಳಿಕೊಂಡಿದ್ದಾರೆ.

ಈ ಕ್ಯಾಪ್ಟನ್ ಅನ್ನುವುದನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ, ಡ್ಯಾಡ್ಸ್ ಆರ್ಮಿಯ ಹತ್ತಿರ ಬೇಕಾಗುತ್ತದೆ.

## ಸಿನಿಮಾ ವರ್ಷಗಳು

ಒಬ್ಬ ಮನುಷ್ಯ 120 ಸಿನಿಮಾ ಮಾಡೋಕೆ ಹೇಗೆ ಆಗುತ್ತೆ?

ಪಾತ್ರ ಚಿಕ್ಕದಾದರೆ ಆಗುತ್ತದೆ. ಹೀರೋಗೆ ಒಂದು ಸಿನಿಮಾ ಅಂದರೆ ಎರಡು ಮೂರು ತಿಂಗಳು. ಪೋಷಕ ನಟನಿಗೆ ಎರಡು ಮೂರು ದಿನ. ಪೈನ್‌ವುಡ್, ಶೆಪರ್ಟನ್, ಈಲಿಂಗ್, ಎಲ್‌ಸ್ಟ್ರೀ, ಈ ಸ್ಟುಡಿಯೋಗಳೆಲ್ಲ ಲಂಡನ್ ಸುತ್ತಮುತ್ತಲೇ ಇದ್ದವು. ಬೆಳಿಗ್ಗೆ ಹೋಗಿ ಶೂಟಿಂಗ್ ಮುಗಿಸಿ ಸಂಜೆ ನಾಟಕಕ್ಕೋ ರೇಡಿಯೋಗೋ ಓಡುವುದು ಮಾಮೂಲಿ.

ಇನ್ನೊಂದು ಕಾರಣ ಕಾನೂನು. ಅಮೆರಿಕದ ಸಿನಿಮಾಗಳ ಮುಂದೆ ತಮ್ಮವು ಉಳಿಯಲಿ ಅಂತ ಬ್ರಿಟನ್ 1927ರಲ್ಲೇ ಒಂದು ನಿಯಮ ಮಾಡಿತ್ತು: ಥಿಯೇಟರುಗಳು ಇಷ್ಟು ಪಾಲು ಬ್ರಿಟಿಷ್ ಸಿನಿಮಾ ತೋರಿಸಲೇಬೇಕು ಅಂತ. 1948ರಲ್ಲಿ ಆ ಪಾಲನ್ನು ಶೇಕಡಾ 45ಕ್ಕೆ ಏರಿಸಿದರು, ಆಮೇಲೆ ಇಳಿಸಿದರು. ಜೊತೆಗೆ ಆಗ ಒಂದೇ ಟಿಕೆಟ್ಟಿಗೆ ಎರಡು ಸಿನಿಮಾ. ದೊಡ್ಡ ಚಿತ್ರದ ಜೊತೆ ಒಂದು ಗಂಟೆಯ ಚಿಕ್ಕ ಚಿತ್ರ. ಆ ಚಿಕ್ಕ ಚಿತ್ರಗಳನ್ನು ಕೆಲವೇ ವಾರಗಳಲ್ಲಿ, ಕಡಿಮೆ ದುಡ್ಡಿನಲ್ಲಿ ಮುಗಿಸುತ್ತಿದ್ದರು. ರಿಹರ್ಸಲ್ಲಿಗೆ ಸಮಯ ಇರುತ್ತಿರಲಿಲ್ಲ. ಬಂದು, ನಿಂತು, ಮೊದಲ ಟೇಕ್‌ನಲ್ಲೇ ಸರಿಯಾಗಿ ಮಾಡುವ ನಟರು ಬೇಕಿತ್ತು. 1946ರಲ್ಲಿ ಬ್ರಿಟನ್ನಿನಲ್ಲಿ ಮಾರಿದ ಸಿನಿಮಾ ಟಿಕೆಟ್ 160 ಕೋಟಿಗೂ ಜಾಸ್ತಿ. ಲೆ ಮೆಷರರ್ ಸಿನಿಮಾಗೆ ಕಾಲಿಟ್ಟದ್ದು 1948ರಲ್ಲಿ, ಇಂಥದೇ ಒಂದು ಚಿಕ್ಕ ಚಿತ್ರದಿಂದ.

ಆಮೇಲೆ 1955ರಲ್ಲಿ ಬಿಬಿಸಿಗೆ ಎದುರಾಗಿ ಐಟಿವಿ ಬಂತು. ಜಾಹೀರಾತಿನ ದುಡ್ಡು ಬಂತು, ಧಾರಾವಾಹಿ ಬಂತು, ಇನ್ನಷ್ಟು ಕೆಲಸ ಬಂತು. ಸ್ಯಾಮ್ ಕಿಡ್, ರಿಚರ್ಡ್ ವ್ಯಾಟಿಸ್, ಐರೀನ್ ಹ್ಯಾಂಡಲ್, ಥಾರ್ಲಿ ವಾಲ್ಟರ್ಸ್, ಇಂಥ ಪೋಷಕ ನಟರೆಲ್ಲರೂ ಇದೇ ಗಾಳಿಯಲ್ಲಿ ಬದುಕಿದವರು.

ಯಾವಾಗ ನೋಡಿದರೂ ವಕೀಲ, ಡಾಕ್ಟರ್, ದೊಡ್ಡ ಆಫೀಸರ್. ಬೇಜಾರಾಗಲಿಲ್ವಾ ಅವರಿಗೆ?

ತಮ್ಮ ಆತ್ಮಕಥೆಗೆ ಅವರು ಇಟ್ಟ ಹೆಸರು 'ಎ ಜಾಬಿಂಗ್ ಆಕ್ಟರ್'. ಸಿಕ್ಕ ಕೆಲಸವನ್ನು ಮರ್ಯಾದೆಯಾಗಿ ಮಾಡಿಕೊಂಡು ಹೋಗುವವನು ನಾನು ಅನ್ನುವ ಧಾಟಿ. ದೊಡ್ಡ ಪಾತ್ರ ಸಿಗಲಿಲ್ಲ ಅಂತ ಕೊರಗುವ ಜಾಯಮಾನ ಅಲ್ಲ.

ಆದರೆ ಪ್ರಶ್ನೆಗೆ ನನ್ನ ಉತ್ತರ ಬೇರೆ. ಪಾತ್ರದ ಹೆಸರು ಒಂದೇ ಇರಬಹುದು, ಅವರು ಅದಕ್ಕೆ ತಂದದ್ದು ಹೊಸದು. ಅಧಿಕಾರಿ ಪಾತ್ರ ಅಂದರೆ ಉಳಿದ ನಟರು ಗದರುತ್ತಿದ್ದರು, ಮೀಸೆ ಕುಣಿಸುತ್ತಿದ್ದರು. ಇವರ ಅಧಿಕಾರಿ ದಣಿದವನು. ತನಗೇ ತನ್ನ ಕುರ್ಚಿಯ ಮೇಲೆ ಪೂರ್ತಿ ನಂಬಿಕೆ ಇಲ್ಲದವನು. ಆರು ವರ್ಷ ಯುದ್ಧದಲ್ಲಿ ಮೇಲಿನವರ ಆಜ್ಞೆ ಕೇಳಿ, ಆಮೇಲೆ 1954ರವರೆಗೂ ರೇಷನ್ ಕ್ಯೂನಲ್ಲಿ ನಿಂತ ಜನಕ್ಕೆ ಅದು ಎಷ್ಟು ಹತ್ತಿರವಾಗಿ ಕಂಡಿರಬೇಕು ಯೋಚಿಸಿ. ಮೇಲೆ ಕೂತವರಿಗೂ ಏನೂ ತಿಳಿದಿಲ್ಲ ಅನ್ನುವುದು ಅವರಿಗೆ ಆಗಲೇ ಗೊತ್ತಿತ್ತು. ಲೆ ಮೆಷರರ್ ಅದನ್ನು ಮುಖದಲ್ಲಿ ತೋರಿಸಿದರು, ಅದೂ ದ್ವೇಷವಿಲ್ಲದೆ.

ಬೋಲ್ಟಿಂಗ್ ಸಹೋದರರ ಸಿನಿಮಾಗಳು ಇವರಿಗೆ ಎಷ್ಟು ಮುಖ್ಯ?

ತುಂಬಾ. ಜಾನ್ ಮತ್ತು ರಾಯ್ ಬೋಲ್ಟಿಂಗ್ ಅವಳಿ ಸಹೋದರರು. 1950ರ ದಶಕದ ಕೊನೆಗೆ ಬ್ರಿಟನ್ನಿನ ಒಂದೊಂದು ಸಂಸ್ಥೆಯನ್ನೂ ಹಿಡಿದು ಹಾಸ್ಯಚಿತ್ರ ಮಾಡಿದರು. 'ಪ್ರೈವೇಟ್ಸ್ ಪ್ರೋಗ್ರೆಸ್' (1956) ಸೈನ್ಯದ ಮೇಲೆ, 'ಬ್ರದರ್ಸ್ ಇನ್ ಲಾ' (1957) ಕೋರ್ಟಿನ ಮೇಲೆ, 'ಐಯಾಮ್ ಆಲ್ ರೈಟ್ ಜಾಕ್' (1959) ಕಾರ್ಖಾನೆ ಮತ್ತು ಯೂನಿಯನ್ನಿನ ಮೇಲೆ. ಲೆ ಮೆಷರರ್ ಮೂರರಲ್ಲೂ ಇದ್ದಾರೆ.

ಕೊನೆಯದರಲ್ಲಿ ಎಲ್ಲರೂ ನೆನೆಯುವುದು ಪೀಟರ್ ಸೆಲರ್ಸ್ ಅವರ ಯೂನಿಯನ್ ನಾಯಕನನ್ನು. ನ್ಯಾಯವೇ. ಆದರೆ ಕಥೆಯ ಗಾಲಿ ತಿರುಗುವುದು ಎಲ್ಲಿ ನೋಡಿ. ಕೆಲಸಗಾರರು ಎಷ್ಟು ಹೊತ್ತಿಗೆ ಎಷ್ಟು ಕೆಲಸ ಮಾಡುತ್ತಾರೆ ಅಂತ ಅಳೆಯಲು ಬಂದ ಅಧಿಕಾರಿ ಲೆ ಮೆಷರರ್. ಅವರು ಕದ್ದು ನೋಡಿಕೊಂಡು ಓಡಾಡುತ್ತಾರೆ, ಏನೂ ತಿಳಿಯದ ಹೊಸ ಹುಡುಗ ಸ್ಟ್ಯಾನ್ಲಿ ತಾನು ಎಷ್ಟು ಬೇಗ ಕೆಲಸ ಮಾಡಬಲ್ಲೆ ಅಂತ ಉತ್ಸಾಹದಿಂದ ಅವರಿಗೇ ತೋರಿಸಿಬಿಡುತ್ತಾನೆ. ಅಷ್ಟೇ, ಇಡೀ ಕಾರ್ಖಾನೆ ಮುಷ್ಕರ ಹೂಡುತ್ತದೆ. ಪಾತ್ರ ಚಿಕ್ಕದು, ಕಥೆಯ ಬೀಗದ ಕೈ ಮಾತ್ರ ಅದರ ಹತ್ತಿರ.

ಟೋನಿ ಹ್ಯಾನ್‌ಕಾಕ್ ಜೊತೆ ಇವರ ನಂಟು ಏನು?

ಹ್ಯಾನ್‌ಕಾಕ್ ಆ ಕಾಲದ ಬಹಳ ದೊಡ್ಡ ಹಾಸ್ಯನಟ. ಇಬ್ಬರೂ 1950ರ ದಶಕದ ಆರಂಭದಿಂದ ಗೆಳೆಯರು. ಹ್ಯಾನ್‌ಕಾಕ್ ಅವರ ಟೀವಿ ಕಾರ್ಯಕ್ರಮದಲ್ಲಿ ಲೆ ಮೆಷರರ್ ಆಗಾಗ ಬರುತ್ತಿದ್ದರು. 1961ರ 'ದಿ ಲಿಫ್ಟ್' ಎಪಿಸೋಡ್ ಸಿಕ್ಕರೆ ಬಿಡಬೇಡಿ. ಲಿಫ್ಟ್ ಕೆಟ್ಟು ಮಧ್ಯದಲ್ಲಿ ನಿಲ್ಲುತ್ತದೆ, ಒಳಗೆ ಒಂದಷ್ಟು ಜನ, ಅವರಲ್ಲಿ ಒಬ್ಬರು ವಾಯುಸೇನೆಯ ಹಿರಿಯ ಅಧಿಕಾರಿ. ಅದು ಇವರು. ಬರೆದವರು ಗಾಲ್ಟನ್ ಮತ್ತು ಸಿಂಪ್ಸನ್ ಜೋಡಿ.

ಹ್ಯಾನ್‌ಕಾಕ್ ಅವರ ಎರಡು ದೊಡ್ಡ ಸಿನಿಮಾಗಳಲ್ಲೂ ಇದ್ದಾರೆ. 'ದಿ ರೆಬೆಲ್' (1961) ಚಿತ್ರದಲ್ಲಿ ಕಚೇರಿಯ ಮ್ಯಾನೇಜರ್, 'ದಿ ಪಂಚ್ ಅಂಡ್ ಜೂಡಿ ಮ್ಯಾನ್' (1963) ಚಿತ್ರದಲ್ಲಿ ಕಡಲ ದಂಡೆಯಲ್ಲಿ ಮರಳಿನ ಶಿಲ್ಪ ಮಾಡುವವನು. ಎರಡನೆಯದು ಆಗ ಓಡಲಿಲ್ಲ. ನನಗೆ ಮಾತ್ರ ಬಹಳ ಇಷ್ಟ. ಸೂಟು ಬೂಟು ಕಳಚಿ ಬಡ ಕಲಾವಿದನಾಗಿ ಅವರನ್ನು ನೋಡುವ ಅವಕಾಶ ಅಪರೂಪ.

ಎರಡು ನಿಮಿಷ ಬಂದು ಹೋಗುವುದರಲ್ಲಿ ನಟನೆ ಎಲ್ಲಿ ಬಂತು? ಸುಮ್ನೆ ನಿಂತಿರ್ತಾರಲ್ಲ?

ಈ ಪ್ರಶ್ನೆ ಕೇಳಿದವರಿಗೆ ನನ್ನ ಥ್ಯಾಂಕ್ಸ್. ಈ ಪುಟ ಬರೆಯಲು ನಿಜವಾದ ಕಾರಣ ಇದೇ.

'ದಿ ಇಟಾಲಿಯನ್ ಜಾಬ್' ತೆಗೆದುಕೊಳ್ಳಿ. ಬ್ರಿಡ್ಜರ್ ಅನ್ನುವ ದೊಡ್ಡ ಕಳ್ಳ ಜೈಲಿನಲ್ಲಿದ್ದಾನೆ. ನಟ ನೋಯಲ್ ಕವರ್ಡ್. ಜೈಲಿನಲ್ಲಿದ್ದರೂ ಅವನದ್ದೇ ದರ್ಬಾರು. ಹೀರೋ ಗೋಡೆ ಹಾರಿ ಜೈಲಿನೊಳಗೆ ಬಂದು, ಶೌಚಾಲಯದಲ್ಲಿದ್ದ ಬ್ರಿಡ್ಜರ್‌ನನ್ನು ಭೇಟಿ ಮಾಡಿ ಹೋಗುತ್ತಾನೆ. ಬ್ರಿಡ್ಜರ್‌ಗೆ ಕೆಂಡದಂಥ ಕೋಪ. ಹೋಗಿ ಜೈಲಿನ ಮುಖ್ಯಾಧಿಕಾರಿಯನ್ನೇ ತರಾಟೆಗೆ ತೆಗೆದುಕೊಳ್ಳುತ್ತಾನೆ, ನನ್ನ ಶೌಚಾಲಯಕ್ಕೆ ಯಾರೋ ನುಗ್ಗಿದರು ಅಂತ. ಕೈದಿ ಬಯ್ಯುತ್ತಿದ್ದಾನೆ, ಅಧಿಕಾರಿ ಕೇಳಿಸಿಕೊಳ್ಳುತ್ತಿದ್ದಾರೆ.

ಈಗ ಯೋಚಿಸಿ. ಅಧಿಕಾರಿ ಪಾತ್ರದವನು ಕೊಂಚ ಕಣ್ಣು ಮಿಟುಕಿಸಿ, 'ಇದು ತಮಾಷೆ' ಅಂತ ನಮಗೆ ಸನ್ನೆ ಮಾಡಿದ್ದರೆ ದೃಶ್ಯ ಅಲ್ಲೇ ಸತ್ತಿತು. ಕೋಪ ಮಾಡಿಕೊಂಡರೆ ಬ್ರಿಡ್ಜರ್ ಬರೀ ಉದ್ಧಟ ಕೈದಿಯಾಗುತ್ತಾನೆ. ಲೆ ಮೆಷರರ್ ಎರಡೂ ಮಾಡುವುದಿಲ್ಲ. ದೂರು ನ್ಯಾಯವಾದದ್ದು, ತಮ್ಮ ಜೈಲಿನಲ್ಲಿ ಹೀಗಾಗಬಾರದಿತ್ತು ಅಂತ ನಿಜವಾಗಿ ನೊಂದವರ ಹಾಗೆ ಕೇಳುತ್ತಾರೆ. ಅವರು ನಂಬಿದ್ದರಿಂದ ನಾವು ನಂಬುತ್ತೇವೆ. ಬ್ರಿಡ್ಜರ್ ಎಷ್ಟು ದೊಡ್ಡ ಮನುಷ್ಯ ಅನ್ನುವುದು ನಮಗೆ ತಿಳಿಯುವುದು ಕವರ್ಡ್ ಮುಖದಿಂದಲ್ಲ, ಎದುರಿಗಿರುವವರ ಮುಖದಿಂದ.

ಪೋಷಕ ನಟನ ಕೆಲಸ ಇದು. ಎದುರಿನವರ ಪಾತ್ರವನ್ನು ನಿಜ ಮಾಡುವುದು. ಅದಕ್ಕೆ ಮಾತು ಬೇಕಿಲ್ಲ, ಕೇಳಿಸಿಕೊಳ್ಳಲು ಬರಬೇಕು. ಎದುರಿನವರ ಮಾತು ಮುಗಿಯಲಿ, ನನ್ನ ಸರದಿ ಬರಲಿ ಅಂತ ಕಾಯುತ್ತಾ ನಿಂತಿರುವ ನಟನನ್ನು ಕ್ಯಾಮೆರಾ ಕೂಡಲೇ ಹಿಡಿದುಹಾಕುತ್ತದೆ. ಇವರು ಯಾವತ್ತೂ ಹಾಗೆ ಸಿಕ್ಕಿಬಿದ್ದದ್ದನ್ನು ನಾನು ನೋಡಿಲ್ಲ.

## ಟೀವಿ

ಡ್ಯಾಡ್ಸ್ ಆರ್ಮಿ ಅಂದ್ರೆ ಏನು? ಬ್ರಿಟಿಷರು ಯಾಕೆ ಅದನ್ನ ಅಷ್ಟು ತಲೆ ಮೇಲೆ ಹೊತ್ತುಕೊಂಡಿದ್ದಾರೆ?

ಎರಡನೇ ಮಹಾಯುದ್ಧದಲ್ಲಿ ಸೈನ್ಯಕ್ಕೆ ಸೇರಲು ವಯಸ್ಸು ಮೀರಿದವರು, ಇನ್ನೂ ವಯಸ್ಸಾಗದವರು, ಬೇರೆ ಕಾರಣಕ್ಕೆ ಉಳಿದುಕೊಂಡವರು ಸೇರಿ ಹೋಮ್ ಗಾರ್ಡ್ ಅಂತ ಊರು ಕಾಯುವ ದಳ ಕಟ್ಟಿದ್ದರು. ಜರ್ಮನ್ನರು ಸಮುದ್ರ ದಾಟಿ ಬಂದರೆ ತಡೆಯಬೇಕು. ಶುರುವಿನಲ್ಲಿ ಕೈಯಲ್ಲಿ ಸರಿಯಾದ ಬಂದೂಕೂ ಇರಲಿಲ್ಲ. ಹುಡುಗನಾಗಿದ್ದಾಗ ಅದರಲ್ಲಿದ್ದ ಜಿಮ್ಮಿ ಪೆರಿ ಈ ಕಥೆ ಯೋಚಿಸಿದರು, ಡೇವಿಡ್ ಕ್ರಾಫ್ಟ್ ಜೊತೆ ಸೇರಿ ಬರೆದರು. 1968ರ ಜುಲೈ 31ರಂದು ಮೊದಲ ಎಪಿಸೋಡ್, 1977ರಲ್ಲಿ ಕೊನೆಯದು. ಒಟ್ಟು 80. ಒಳ್ಳೆಯ ದಿನಗಳಲ್ಲಿ 1 ಕೋಟಿ 80 ಲಕ್ಷ ಜನ ನೋಡುತ್ತಿದ್ದರು.

ವಾಲ್ಮಿಂಗ್ಟನ್-ಆನ್-ಸೀ ಎಂಬ ಕಲ್ಪನೆಯ ಊರು. ಬ್ಯಾಂಕ್ ಮ್ಯಾನೇಜರ್ ಮ್ಯಾನರಿಂಗ್ ತಾನೇ ಕ್ಯಾಪ್ಟನ್ ಆಗುತ್ತಾನೆ. ಅವನ ಕೈಕೆಳಗಿನ ಗುಮಾಸ್ತ ವಿಲ್ಸನ್ ಸಾರ್ಜೆಂಟ್. ಇಬ್ಬರೂ ಬ್ಯಾಂಕಿನಲ್ಲಿ ಹಗಲು, ದಳದಲ್ಲಿ ಸಂಜೆ, ಎರಡೂ ಹೊತ್ತು ಒಬ್ಬರ ಮುಖ ಒಬ್ಬರು ನೋಡಬೇಕು.

ಜನ ನಕ್ಕರು, ನಿಜ. ಆದರೆ ಈ ಮುದುಕರು ನಿಜವಾಗಿಯೂ ಪ್ರಾಣ ಕೊಡಲು ತಯಾರಿದ್ದರು ಅನ್ನುವುದನ್ನು ಧಾರಾವಾಹಿ ಎಂದೂ ಮರೆಯುವುದಿಲ್ಲ. ಪ್ರೀತಿ ಬಂದದ್ದು ಅಲ್ಲಿಂದ.

ದೊಡ್ಡ ಮನೆತನದವರ ಹಾಗೆ ಕಾಣುವ ಇವರಿಗೆ ಸಾರ್ಜೆಂಟ್, ಆ ಕುಳ್ಳ ಮನುಷ್ಯನಿಗೆ ಕ್ಯಾಪ್ಟನ್. ಉಲ್ಟಾ ಆಯ್ತಲ್ವಾ?

ಉಲ್ಟಾ ಮಾಡಿದ್ದೇ ಇದರ ಜೀವಾಳ. ಬ್ರಿಟನ್ನಿನಲ್ಲಿ ಯಾವ ಶಾಲೆಯಲ್ಲಿ ಓದಿದೆ, ಹೇಗೆ ಮಾತಾಡುತ್ತೀಯ ಅನ್ನುವುದರ ಮೇಲೆ ನೀನು ಯಾರು ಅಂತ ತೀರ್ಮಾನವಾಗುತ್ತಿದ್ದ ಕಾಲ. ಮ್ಯಾನರಿಂಗ್ ಸಾಮಾನ್ಯ ಶಾಲೆಯಲ್ಲಿ ಓದಿ ಕಷ್ಟಪಟ್ಟು ಮೇಲೆ ಬಂದವನು. ವಿಲ್ಸನ್ ಹುಟ್ಟಿನಿಂದಲೇ ಮೇಲಿನವನು, ಅದಕ್ಕೆ ಏನೂ ಪ್ರಯತ್ನ ಪಟ್ಟವನಲ್ಲ. ಮೇಲೆ ಕೂತವನಿಗೆ ಕೆಳಗಿನವನ ಮೇಲೆ ಹೊಟ್ಟೆಕಿಚ್ಚು. ವಿಲ್ಸನ್ 'ಅದು ಸರಿ ಅನ್ನಿಸುತ್ತಾ ಸಾರ್?' ಅಂತ ಮೆಲ್ಲಗೆ ಕೇಳಿದರೆ ಸಾಕು, ಮ್ಯಾನರಿಂಗ್ ಒಳಗೊಳಗೇ ಕುದಿಯುತ್ತಾನೆ.

ನಿಜ ಜೀವನದಲ್ಲಿ ಲೆ ಮೆಷರರ್ ಕ್ಯಾಪ್ಟನ್ ಆಗಿದ್ದರು ಅಂತ ಮೇಲೆ ಹೇಳಿದೆನಲ್ಲ. ಮ್ಯಾನರಿಂಗ್ ಪಾತ್ರದ ಆರ್ಥರ್ ಲೋ ಯುದ್ಧದಲ್ಲಿ ಸಾರ್ಜೆಂಟ್ ಮೇಜರ್ ಆಗಿದ್ದವರು! ಕೊನೆಯ ಎಪಿಸೋಡಿನಲ್ಲಿ ವಿಲ್ಸನ್ ತನ್ನ ಹಳೆಯ ಸಮವಸ್ತ್ರ ಹಾಕಿಕೊಂಡು ಬರುತ್ತಾನೆ. ಮೊದಲ ಮಹಾಯುದ್ಧದಲ್ಲಿ ಅವನೂ ಕ್ಯಾಪ್ಟನ್ ಆಗಿದ್ದ ಅಂತ ಆಗ ತಿಳಿಯುತ್ತದೆ. ಒಂಬತ್ತು ವರ್ಷ ಅದನ್ನು ಬಾಯಿಬಿಟ್ಟಿರಲಿಲ್ಲ.

ಈ ಪಾತ್ರ ಬೇಡ ಅಂದಿದ್ದರಂತೆ ಹೌದಾ?

ಪೂರ್ತಿ ಬೇಡ ಅನ್ನಲಿಲ್ಲ, ಹಿಂದೆ ಮುಂದೆ ನೋಡಿದರು. ಆಗತಾನೇ 'ಜಾರ್ಜ್ ಅಂಡ್ ದಿ ಡ್ರ್ಯಾಗನ್' ಎಂಬ ಐಟಿವಿ ಧಾರಾವಾಹಿ ಮುಗಿಯುತ್ತಿತ್ತು, ಮತ್ತೆ ಒಂದಕ್ಕೆ ವರ್ಷಗಟ್ಟಲೆ ಕಟ್ಟಿಹಾಕಿಕೊಳ್ಳಲು ಮನಸ್ಸಿರಲಿಲ್ಲ. ಸಂಭಾವನೆಯನ್ನು ಎಪಿಸೋಡಿಗೆ 262 ಪೌಂಡ್ 10 ಶಿಲ್ಲಿಂಗ್‌ಗೆ ಏರಿಸಿದರು. ಹಳೆಯ ಗೆಳೆಯ ಕ್ಲೈವ್ ಡನ್ ಕೂಡ ಇದ್ದಾರೆ ಅಂತ ಗೊತ್ತಾಯಿತು. ಒಪ್ಪಿಕೊಂಡರು.

ಅವರು ನಟಿಸೋದೇ ಇಲ್ಲ, ಇದ್ದ ಹಾಗೇ ಇರ್ತಾರೆ ಅಂತಾರಲ್ಲ?

ಇದಕ್ಕೆ ಅವರೇ ಕಾರಣ. ವಿಲ್ಸನ್ ಪಾತ್ರಕ್ಕೆ ಏನು ಮಾಡುವುದು ಅಂತ ಯೋಚಿಸಿ, ಕೊನೆಗೆ ಸೈನ್ಯದಲ್ಲಿ ತಾನು ಹೇಗಿದ್ದೆನೋ ಹಾಗೇ ಇದ್ದರಾಯಿತು ಅಂದುಕೊಂಡೆ ಅಂತ ಬರೆದುಕೊಂಡಿದ್ದಾರೆ. ಅಂಗಿಯ ಒಂದೆರಡು ಗುಂಡಿ ಬಿಚ್ಚಿಟ್ಟರು. ತೋಳನ್ನು ಕೊಂಚ ಮಡಿಚಿದರು. ಆಜ್ಞೆಯನ್ನು ಆಹ್ವಾನದ ಹಾಗೆ ಹೇಳಿದರು, ಅದೂ ಯಾರೂ ಬರಲಾರರು ಅಂತ ಗೊತ್ತಿರುವ ಆಹ್ವಾನ.

ಆದರೆ ಇದನ್ನೇ ಒಮ್ಮೆ ಲೆಕ್ಕ ಹಾಕಿ. ಗುಂಡಿ, ತೋಳು, ದನಿ, ಒಂದೊಂದೂ ಆರಿಸಿದ್ದು. ಹದಿಮೂರು ಪುಟ ಸಂಭಾಷಣೆ ಹೇಳಬೇಕಾದದ್ದನ್ನು ಬಿಚ್ಚಿದ ಒಂದು ಗುಂಡಿ ಹೇಳಿಬಿಡುತ್ತದೆ: ಈ ಮನುಷ್ಯ ಯಾರಿಗೂ ಏನನ್ನೂ ಸಾಬೀತು ಮಾಡಬೇಕಿಲ್ಲ. ಪಕ್ಕದಲ್ಲಿ ಕುತ್ತಿಗೆವರೆಗೂ ಗುಂಡಿ ಹಾಕಿ ನಿಂತ ಮ್ಯಾನರಿಂಗ್. ಇದು ನಟನೆಯಲ್ಲದೆ ಇನ್ನೇನು? ಇದ್ದ ಹಾಗೇ ಇರುವುದು ಅಷ್ಟು ಸುಲಭವಾದರೆ ಕ್ಯಾಮೆರಾ ಮುಂದೆ ನಾವೆಲ್ಲ ಯಾಕೆ ಸೆಟೆದು ನಿಲ್ಲುತ್ತೇವೆ? ನಂಬಿಕೆ ಬರದಿದ್ದರೆ ಮುಂದಿನ ಪ್ರಶ್ನೆಯ ಉತ್ತರ ಓದಿ.

ಪ್ರಶಸ್ತಿ ಏನಾದರೂ ಬಂತಾ?

ಬಂತು, ಹಾಸ್ಯಕ್ಕಲ್ಲ. 1971ರಲ್ಲಿ ಡೆನ್ನಿಸ್ ಪಾಟರ್ ಬರೆದ 'ಟ್ರೈಟರ್' ಎಂಬ ಟೀವಿ ನಾಟಕ ಬಿಬಿಸಿಯಲ್ಲಿ ಬಂತು. ಬ್ರಿಟಿಷ್ ಬೇಹುಗಾರಿಕೆಯಲ್ಲಿದ್ದು ಸೋವಿಯತ್ ರಷ್ಯಾಕ್ಕೆ ಓಡಿಹೋದ ಏಡ್ರಿಯನ್ ಹ್ಯಾರಿಸ್ ಪಾತ್ರ. ಮಾಸ್ಕೋದ ಅವನ ಫ್ಲ್ಯಾಟಿಗೆ ಪಶ್ಚಿಮದ ಪತ್ರಕರ್ತರು ಬಂದು ಪ್ರಶ್ನೆ ಕೇಳುತ್ತಾರೆ, ಅವನು ಕುಡಿಯುತ್ತಾ ಉತ್ತರ ಕೊಡುತ್ತಾನೆ, ಬಾಲ್ಯ ನೆನೆಯುತ್ತಾನೆ, ಚೂರುಚೂರಾಗುತ್ತಾನೆ. ಇದಕ್ಕೆ 1972ರಲ್ಲಿ ಅತ್ಯುತ್ತಮ ಟೀವಿ ನಟ ಅಂತ ಬಾಫ್ಟಾ, ಅಂದರೆ ಬ್ರಿಟನ್ನಿನ ದೊಡ್ಡ ಸಿನಿಮಾ-ಟೀವಿ ಪ್ರಶಸ್ತಿ ಸಿಕ್ಕಿತು.

ವಿಲ್ಸನ್‌ನಲ್ಲಿ ನಾವು ಪ್ರೀತಿಸುವ ಅದೇ ಮೆಲುದನಿ, ಅದೇ ಸುಸಂಸ್ಕೃತ ಸುಸ್ತು ಇಲ್ಲಿ ಭಯ ಹುಟ್ಟಿಸುತ್ತದೆ. ಒಳ್ಳೆಯ ಶಾಲೆ, ಒಳ್ಳೆಯ ಮಾತು ಒಬ್ಬ ಮನುಷ್ಯನನ್ನು ಎಷ್ಟು ಚೆನ್ನಾಗಿ ಮರೆಮಾಡಬಲ್ಲದು ಅಂತ ಕಾಣುತ್ತದೆ. ವರ್ಷಗಟ್ಟಲೆ ನಗಿಸಲು ಬಳಸಿದ ಸಾಮಾನನ್ನೇ ತಿರುಗಿಸಿ ಹಿಡಿದರು. ನನ್ನ ಮಟ್ಟಿಗೆ ಅವರ ಅತ್ಯಂತ ದೊಡ್ಡ ಕೆಲಸ ಇದು.

ಡ್ಯಾಡ್ಸ್ ಆರ್ಮಿಯ ಕೆಲವು ಎಪಿಸೋಡ್ ಎಲ್ಲೂ ಸಿಗ್ತಾ ಇಲ್ಲ. ಯಾಕೆ?

ಬಿಬಿಸಿಯೇ ಅಳಿಸಿತು. ಆಗ ವಿಡಿಯೋ ಟೇಪು ದುಬಾರಿ, ಮನೆಯಲ್ಲಿ ವಿಡಿಯೋ ಇಟ್ಟುಕೊಳ್ಳುವ ಕಾಲ ಬಂದಿರಲಿಲ್ಲ, ಮರುಪ್ರಸಾರಕ್ಕೂ ಮಿತಿಯಿತ್ತು. ಹಾಗಾಗಿ ಹಳೆಯದರ ಮೇಲೆ ಹೊಸದನ್ನು ರೆಕಾರ್ಡ್ ಮಾಡುತ್ತಿದ್ದರು. 1969ರ ಎರಡನೇ ಸರಣಿಯ ಎಪಿಸೋಡುಗಳು ಹೀಗೆ ಹೋದವು. 2001ರಲ್ಲಿ ಎರಡು ಸಿಕ್ಕವು. ಮೂರು ಇನ್ನೂ ಇಲ್ಲ. ಹ್ಯಾನ್‌ಕಾಕ್ ಕಾರ್ಯಕ್ರಮದ್ದೂ ಬಹಳಷ್ಟು ಹೋಗಿದೆ. ಆ ಕಾಲದ ಪೋಷಕ ನಟರ ಟೀವಿ ಕೆಲಸದ ಪಟ್ಟಿ ನೋಡಿದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಹೆಸರಿದೆ, ಪಾತ್ರವಿದೆ, ನೋಡಲು ಏನೂ ಇಲ್ಲ.

ಮುಖ ಕಾಣದ ಕೆಲಸವೂ ಮಾಡಿದ್ದಾರಾ?

ಮಾಡಿದ್ದಾರೆ. 1975ರ 'ಬಾಡ್' ಎಂಬ ಮಕ್ಕಳ ಕಾರ್ಟೂನಿಗೆ ಕಥೆ ಹೇಳಿದ ದನಿ ಇವರದು. ಹೋಮ್‌ಪ್ರೈಡ್ ಮೈದಾ ಹಿಟ್ಟಿನ ಟೀವಿ ಜಾಹೀರಾತಿಗೂ ಇವರದೇ ದನಿ. 1981ರಲ್ಲಿ ಬಿಬಿಸಿ ರೇಡಿಯೋ 26 ಕಂತುಗಳಲ್ಲಿ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಪ್ರಸಾರ ಮಾಡಿತು, ಅದರಲ್ಲಿ ಬಿಲ್ಬೋ ಎಂಬ ಮುದುಕನ ಪಾತ್ರ ಇವರದು. ಆ ಬಿಲ್ಬೋವನ್ನು ಒಮ್ಮೆ ಕೇಳಿ.

## ಬದುಕು, ಆಮೇಲೆ

ಹ್ಯಾಟಿ ಜೇಕ್ಸ್ ಜೊತೆ ಮದುವೆ ಮುರಿದದ್ದು ಯಾರ ತಪ್ಪಿನಿಂದ?

ಹ್ಯಾಟಿ ಜೇಕ್ಸ್ 'ಕ್ಯಾರಿ ಆನ್' ಹಾಸ್ಯ ಸಿನಿಮಾಗಳ ಮೇಟ್ರನ್ (ಆಸ್ಪತ್ರೆಯ ಮುಖ್ಯ ನರ್ಸ್) ಪಾತ್ರದಿಂದ ಹೆಸರಾದ ನಟಿ. 1949ರಲ್ಲಿ ಮದುವೆಯಾದರು, ಇಬ್ಬರು ಗಂಡುಮಕ್ಕಳು. 1960ರ ದಶಕದ ಆರಂಭದಲ್ಲಿ ಹ್ಯಾಟಿಯವರ ಬದುಕಿಗೆ ಇನ್ನೊಬ್ಬರು ಬಂದರು. 1965ರಲ್ಲಿ ವಿಚ್ಛೇದನವಾಯಿತು. ಸುದ್ದಿ ಹೊರಬಂದರೆ ಹ್ಯಾಟಿಯವರ ಹೆಸರು ಹಾಳಾಗುತ್ತದೆ ಅಂತ ತಪ್ಪನ್ನೆಲ್ಲ ಲೆ ಮೆಷರರ್ ತಮ್ಮ ಮೇಲೆ ಹಾಕಿಕೊಂಡರು. ಮುಂದಿನ ವರ್ಷ ಜೋನ್ ಎಂಬವರನ್ನು ಮದುವೆಯಾದರು. ಜೋನ್ ಕೆಲಕಾಲ ಹ್ಯಾನ್‌ಕಾಕ್ ಕಡೆ ಹೋದರು, 1968ರಲ್ಲಿ ಹ್ಯಾನ್‌ಕಾಕ್ ಸಿಡ್ನಿಯಲ್ಲಿ ತೀರಿಕೊಂಡ ಮೇಲೆ ವಾಪಸ್ ಬಂದರು, ಇವರು ಬಾಗಿಲು ತೆರೆದರು. ಯಾರ ತಪ್ಪು ಅಂತ ಅವರೇ ಹೇಳಲಿಲ್ಲ, ನಾನೂ ಹೇಳುವುದಿಲ್ಲ.

ತಮ್ಮ ಸಾವಿನ ಸುದ್ದಿ ತಾವೇ ಬರೆದಿದ್ದರು ಅನ್ನೋದು ನಿಜವಾ?

ನಿಜ. ಕುಡಿತದಿಂದ ಲಿವರ್ ಹಾಳಾಗಿತ್ತು. ಡ್ಯಾಡ್ಸ್ ಆರ್ಮಿಯ ಕೊನೆಯ ಸರಣಿಯಲ್ಲೇ ಬಹಳ ಸೊರಗಿ ಕಾಣುತ್ತಾರೆ. 71ನೇ ವಯಸ್ಸಿನಲ್ಲಿ ಕಡಲತೀರದ ರಾಮ್ಸ್‌ಗೇಟ್ ಊರಿನಲ್ಲಿ ತೀರಿಕೊಂಡರು. ಆಮೇಲೆ 'ದಿ ಟೈಮ್ಸ್' ಪತ್ರಿಕೆಯಲ್ಲಿ ಅವರೇ ಹೇಳಿಟ್ಟಿದ್ದ ಪ್ರಕಟಣೆ ಬಂತು: ನವೆಂಬರ್ 15ರಂದು ತಾನು ಗೊಟಕ್ ಅಂದೆನೆಂದು ಜಾನ್ ಲೆ ಮೆಷರರ್ ತಿಳಿಸಬಯಸುತ್ತಾರೆ, ಮನೆಯವರನ್ನೂ ಗೆಳೆಯರನ್ನೂ ತುಂಬಾ ನೆನೆಯುತ್ತಿದ್ದಾರೆ, ಅಂತ. ಆತ್ಮಕಥೆ ಹೊರಬಂದದ್ದು ಮರುವರ್ಷ.

ನೋಡೋಕೆ ಎಲ್ಲಿಂದ ಶುರು ಮಾಡಲಿ?

ಮೊದಲು 'ಐಯಾಮ್ ಆಲ್ ರೈಟ್ ಜಾಕ್'. ಆಮೇಲೆ ಡ್ಯಾಡ್ಸ್ ಆರ್ಮಿಯ 'ದಿ ಆನರಬಲ್ ಮ್ಯಾನ್' (1973). ವಿಲ್ಸನ್‌ಗೆ ಮನೆತನದ ಬಿರುದು ಬರುತ್ತದೆ, ಮ್ಯಾನರಿಂಗ್ ತಡೆದುಕೊಳ್ಳಲಾರ. ಮೇಲು ಕೀಳಿನ ಜಗಳ ಅಷ್ಟೂ ಅರ್ಧ ಗಂಟೆಯಲ್ಲಿದೆ. ಅದಾದ ಮೇಲೆ 'ಟ್ರೈಟರ್'. ಈ ಕ್ರಮದಲ್ಲೇ ನೋಡಿ, ಮೊದಲೇ ಟ್ರೈಟರ್ ನೋಡಿದರೆ ಅದರ ಪೆಟ್ಟು ಅರ್ಧ ತಪ್ಪುತ್ತದೆ.

ನಾನು ಹವ್ಯಾಸಿ ನಾಟಕ ಮಾಡ್ತೀನಿ, ಚಿಕ್ಕ ಪಾತ್ರಗಳೇ ಸಿಗೋದು. ಇವರಿಂದ ಏನು ಕಲೀಬಹುದು?

ಅವರು ಮಾತಾಡುವ ಭಾಗ ಬಿಡಿ. ಬೇರೆಯವರು ಮಾತಾಡುವಾಗ ಇವರು ಫ್ರೇಮಿನಲ್ಲಿದ್ದಾರಲ್ಲ, ಅದನ್ನು ದನಿ ಆರಿಸಿ ನೋಡಿ. ಮ್ಯಾನರಿಂಗ್ ಭಾಷಣ ಬಿಗಿಯುವ ಯಾವ ಎಪಿಸೋಡ್ ಆದರೂ ಸರಿ. ವಿಲ್ಸನ್ ಯಾವ ಮಾತಿಗೆ ಕಣ್ಣೆತ್ತುತ್ತಾರೆ, ಯಾವುದಕ್ಕೆ ನೆಲ ನೋಡುತ್ತಾರೆ, ಯಾವಾಗ ಉಸಿರು ಬಿಡುತ್ತಾರೆ ಅಂತ ಬರೆದಿಟ್ಟುಕೊಳ್ಳಿ. ಆಮೇಲೆ ದನಿ ಹಾಕಿ ಮತ್ತೆ ನೋಡಿ. ನಗು ಬರುವ ಜಾಗ ಎಷ್ಟೋ ಸಲ ಮ್ಯಾನರಿಂಗ್ ಮಾತಿನಲ್ಲಿ ಇಲ್ಲ, ಅದಾದ ಅರೆಕ್ಷಣಕ್ಕೆ ವಿಲ್ಸನ್ ಮುಖದಲ್ಲಿದೆ. ಹಾಗಂತ ಅವರು ಕೈಕಾಲು ಆಡಿಸಿ ಎದುರಿನವರ ಮಾತನ್ನು ಕದಿಯುವುದಿಲ್ಲ. ಮಾತು ಮುಗಿಯುವವರೆಗೆ ಆರ್ಥರ್ ಲೋ ಅವರದ್ದೇ ದೃಶ್ಯ.

ಇನ್ನೊಂದು ದಾರಿ, ಬೇರೆಯವರು ವಿಲ್ಸನ್ ಮಾಡಿದ್ದನ್ನು ಪಕ್ಕದಲ್ಲಿಟ್ಟು ನೋಡುವುದು. 2016ರ ಸಿನಿಮಾದಲ್ಲಿ ಬಿಲ್ ನೈ ಮಾಡಿದರು. ಕಳೆದುಹೋದ ಆ ಮೂರು ಎಪಿಸೋಡುಗಳನ್ನು 2019ರಲ್ಲಿ ಹಳೆಯ ಸ್ಕ್ರಿಪ್ಟ್ ಇಟ್ಟುಕೊಂಡು ಹೊಸದಾಗಿ ಚಿತ್ರಿಸಿದಾಗ ರಾಬರ್ಟ್ ಬ್ಯಾಥರ್ಸ್ಟ್ ಮಾಡಿದರು. ಇದೇ ಬ್ಯಾಥರ್ಸ್ಟ್ 2011ರ 'ಹ್ಯಾಟಿ' ಎಂಬ ಟೀವಿ ಚಿತ್ರದಲ್ಲಿ ಲೆ ಮೆಷರರ್ ಅವರ ಪಾತ್ರವನ್ನೇ ಮಾಡಿದ್ದವರು. ಇಬ್ಬರೂ ಒಳ್ಳೆಯ ನಟರು, ಇಬ್ಬರ ವಿಲ್ಸನ್ ಬೇರೆ ಬೇರೆ. ಮ್ಯಾನರಿಂಗ್ ಮಾತಾಡುವಾಗ ಅವರು ಏನು ಮಾಡುತ್ತಾರೆ ನೋಡಿ, ನಿಮ್ಮ ಪಟ್ಟಿಯ ಪಕ್ಕದಲ್ಲೇ ಬರೆದುಕೊಳ್ಳಿ.